ಮೂರು ಕಚ್ಚಿನ ತಾಯಿ

ನಮ್ಮ ಮನೆಯ ಗೋಡೆ ತುಂಬ ಡಾಲ್ಫಿನ್‌ಗಳಿದ್ದವು. ಪೂರ್ತಿ ಡಾಲ್ಫಿನ್ ಅಲ್ಲ, ಬರೀ ಬೆನ್ನಿನ ಮೇಲಿನ ರೆಕ್ಕೆಗಳು. ಸಜ್ಜಿ ಹಿಟ್ಟಿನ ಡಬ್ಬಿಯ ಮೇಲಿಂದ ಶುರುವಾಗಿ ಬಾಗಿಲ ಚೌಕಟ್ಟಿನವರೆಗೆ ಇದ್ದಿಲಿನಲ್ಲಿ ಬರೆದ ಒಂದು ಸಾಲು. ಗೋವೆಯ ಝುವಾರಿನಗರದ ಇಳಿಜಾರಿನಲ್ಲಿ ನಮ್ಮದು ಒಂದೇ ಕೋಣೆ, ತಗಡಿನ ಸೂರು. ನಡುವೆ ಅವ್ವನ ಹಳೆಯ ಸೀರೆ ಕಟ್ಟಿ ಅದನ್ನು ಎರಡು ಮಾಡಿಕೊಂಡಿದ್ದೆವು; ಸೀರೆಯ ಆಚೆ ಅಡಿಗೆ, ಈಚೆ ಉಳಿದ ಬದುಕೆಲ್ಲ. ಈಗ ನನಗೆ ಕಡಲಿನ ಯಾವುದೇ ಹಳೆಯ ನೆನಪು ಬಂದರೂ ಮೊದಲು ಮೂಗಿಗೆ ಬರುವುದು ಉಪ್ಪುಗಾಳಿಯಲ್ಲ, ಸಜ್ಜಿ ರೊಟ್ಟಿ ಬೇಯುವ ವಾಸನೆ. ಯಾಕೆಂದರೆ ನಾನು ಡಾಲ್ಫಿನ್ ಗುರುತಿಸುವುದನ್ನು ಕಲಿತದ್ದು ಆ ಗೋಡೆಯ ಮುಂದೆ, ಆಯಿ ರೊಟ್ಟಿ ತಟ್ಟುವಾಗ. ಆಯಿ ಎಂದರೆ ಅಪ್ಪನ ತಾಯಿ. ಹಂಚಿನ ಮೇಲೆ ರೊಟ್ಟಿ ಹಾಕಿ, ಅದು ಬೇಯುವಷ್ಟರಲ್ಲಿ ಹಿಟ್ಟಿನ ಬೆರಳನ್ನೇ ಗೋಡೆಯತ್ತ ತೋರಿಸಿ, ಇದ್ಯಾರು ಹೇಳು ಎನ್ನುತ್ತಿದ್ದಳು. ತಪ್ಪು ಹೇಳಿದರೆ ಆ ರೊಟ್ಟಿ ನನ್ನ ತಮ್ಮನಿಗೆ! ಅವ್ವನಿಗೆ ಮಾತ್ರ ಈ ಆಟ ಸೇರುತ್ತಿರಲಿಲ್ಲ.

“ಅತ್ತಿ, ಮನಿ ಮಾಲಕ ಬಂದ್ರ ನಾ ಏನ ಹೇಳ್ಲಿ? ಗ್ವಾಡಿಗೆ ಮಸಿ ಬಳದೀರಿ ಅಂತಾನ.”

“ಮಸಿ ಅಲ್ಲವಾ ಅದು. ಗುರುತ.”

“ಗುರುತಂತ ಗುರುತ! ಸುಣ್ಣಾ ಬಳಿಯಾಕ ನೀವು ಬರ್ತೀರೇನ್?”

“ಬಳಿ, ಬಳಿ. ಮತ್ತ ಬರೀತೀನಿ.”

ಆಯಿ ಗೋವೆಗೆ ಬರುವ ಮುಂಚೆ ಇಂಡಿ ತಾಲೂಕಿನ ಕಡೆ ಕುರಿ ಕಾಯುತ್ತಿದ್ದಳು. ಆ ಕಡೆ ಕುರಿಯ ಕಿವಿಗೆ ಕಚ್ಚು ಹಾಕುತ್ತಾರೆ. ಒಬ್ಬರದು ಕಿವಿಯ ತುದಿ ಕೊಯ್ದದ್ದು, ಇನ್ನೊಬ್ಬರದು ಅಂಚಿನಲ್ಲಿ ಎರಡು ಕಚ್ಚು, ಹೀಗೆ ಮನೆಗೊಂದು ಗುರುತು. ನೀರಿನ ಹತ್ತಿರ ನಾಲ್ಕು ಹಿಂಡು ಕಲೆತುಹೋದರೂ ಕಿವಿ ನೋಡಿ ಬೇರೆ ಮಾಡಬಹುದು. ಆಯಿಗೆ ಹೊಲದ ಆ ತುದಿಯ ಕುರಿಯ ಕಿವಿ ಈ ತುದಿಯಿಂದ ಕಾಣುತ್ತಿತ್ತಂತೆ. ಆ ಕಣ್ಣು ಅಪ್ಪನಿಗೆ ಬಂದಿತ್ತು. ಅಪ್ಪ ವಾರವೆಲ್ಲ ಕಟ್ಟಡದ ಕೆಲಸಕ್ಕೆ ಹೋಗುತ್ತಿದ್ದ. ಭಾನುವಾರ ಮಾತ್ರ ಪೆದ್ರು ಎಂಬವನ ದೋಣಿ. ಬೋಗಮಾಳೊ ದಂಡೆಯಿಂದ ಗ್ರಾಂಡೆ ದ್ವೀಪದ ಸುತ್ತ ಪ್ರವಾಸಿಗಳಿಗೆ ಡಾಲ್ಫಿನ್ ತೋರಿಸುವ ದೋಣಿ ಅದು. ಬರುವವರಲ್ಲಿ ಹುಬ್ಬಳ್ಳಿ, ಬೆಳಗಾವಿಯವರೇ ಬಹಳ. ಅಪ್ಪನ ಕೆಲಸ ದೋಣಿಯ ಮೂತಿಯಲ್ಲಿ ನಿಂತು ಬೆರಳು ಮಾಡುವುದು, ಕನ್ನಡದಲ್ಲಿ ಕೂಗುವುದು. ಅಷ್ಟೇ! ಆದರೆ ಅವನ ಬೆರಳು ಎಷ್ಟು ನಿಖರವಾಗಿತ್ತೆಂದರೆ ಉಳಿದ ದೋಣಿಯವರೂ ಕಡಲು ನೋಡುವುದು ಬಿಟ್ಟು ಅಪ್ಪನ ಬೆರಳು ನೋಡುತ್ತಿದ್ದರು.

ಸೀಟು ಖಾಲಿ ಉಳಿದ ಒಂದು ಭಾನುವಾರ ಪೆದ್ರು ನಮ್ಮಿಬ್ಬರನ್ನೂ, ಎಂದರೆ ಆಯಿಯನ್ನೂ ನನ್ನನ್ನೂ, ಹತ್ತಿಸಿಕೊಂಡ. ನನಗೆ ಹತ್ತು ವರ್ಷವಿರಬೇಕು. ಆಯಿ ಮೊದಲ ಅರ್ಧ ದಾರಿ ಕಣ್ಣು ಮುಚ್ಚಿ ಅಪ್ಪನ ಅಂಗಿಯ ಚುಂಗು ಹಿಡಿದು ಕುಳಿತಿದ್ದಳು. ದ್ವೀಪದ ಬಂಡೆಗಳ ಹತ್ತಿರ ಎಂಜಿನ್ನಿನ ಸದ್ದು ಇಳಿಯಿತು. ಪುಸ್ ಎಂದು ಒಂದು ಉಸಿರು ಕೇಳಿತು, ಬೂದು ಬಣ್ಣದ ಗೂನುಬೆನ್ನು ನೀರಿನಿಂದ ಎದ್ದಿತು, ಅದರ ಹಿಂದೆ ಮತ್ತೊಂದು, ಮಗದೊಂದು. ಆಯಿ ಕಣ್ಣು ತೆರೆದಳು. ಹೆದರಿಕೆ ಎಲ್ಲಿ ಹೋಯಿತೋ! ಎದ್ದು ನಿಂತೇಬಿಟ್ಟಳು, ಅಪ್ಪನನ್ನು ಕೂಗಿದಳು.

“ಭೀಮ್ಯಾ, ಯಾರ ಹಿಂಡೋ ಇದು?”

“ಯಾರದೂ ಅಲ್ಲಬೇ. ಸಮುದ್ರದಾಗ ಯಾರ ಹಿಂಡ ಇರತೈತಿ?”

“ಹುಚ್ಚಪ್ಪ, ಕಚ್ಚ ಹಾಕ್ಯಾರ ನೋಡಲ್ಲೆ. ಅದಕ ಎರಡ ಕಚ್ಚ, ಅದಕ ತುದಿ ಕೊಯ್ದಾರ. ಗುರುತ ಐತಿ ಅಂದ್ರ ಮಾಲಕ ಅದಾನ.”

ಪೆದ್ರು ಚುಕ್ಕಾಣಿಯ ಹತ್ತಿರದಿಂದ ತನ್ನ ಹರಕುಮುರುಕು ಕನ್ನಡದಲ್ಲಿ ನಗುತ್ತ ಕೂಗಿದ.

“ಆಯಿ, ಮಾಲಕ್ ದೇವ್! ದೇವ್ ಕಟ್ ಮಾಡಿದ್ದು!”

“ದೇವರಿಗೆ ಬ್ಯಾರೆ ಕೆಲಸ ಇಲ್ಲೇನ್? ಮಂದಿನ ಮಾಡಿದ್ದು ಇದು.”

ದೋಣಿಯಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಆದರೆ ಆಯಿ ಹೇಳಿದ ಮೇಲೆ ನನಗೆ ಕಂಡೇಬಿಟ್ಟಿತು! ಅಲ್ಲಿಯವರೆಗೆ ಡಾಲ್ಫಿನ್ ಎಂದರೆ ಡಾಲ್ಫಿನ್, ಎಲ್ಲ ಒಂದೇ. ಈಗ ಪ್ರತಿ ರೆಕ್ಕೆಯ ಅಂಚೂ ಬೇರೆ. ಮನೆಗೆ ಬಂದವಳೇ ಆಯಿ ನೀರು ಕಾಸುವ ಒಲೆಯಿಂದ ಇದ್ದಿಲು ಎತ್ತಿ ಗೋಡೆಗೆ ನಿಂತಳು. ಹರಕಿವಿ, ಗರಗಸಿ, ಬೊಕ್ಕಿ ಎಂದು ತನ್ನ ಕುರಿಗಳ ಹೆಸರನ್ನೇ ಇಟ್ಟಳು. ಅಂಚಿನಲ್ಲಿ ಮೂರು ಕಚ್ಚಿದ್ದವಳು ಮೂರ್ಕಚ್ಚಿ. ಗೋಡೆಗೆ ಅವ್ವ ಸುಣ್ಣ ಬಳಿಯುತ್ತಾಳೆಂಬ ಹೆದರಿಕೆಗೆ ನಾನು ಶಾಲೆಯ ಒಂದು ಪಟ್ಟಿಯಲ್ಲಿ, ಎಂದರೆ ನೋಟುಬುಕ್ಕಿನಲ್ಲಿ, ಎಲ್ಲವನ್ನೂ ಇಳಿಸಿಕೊಂಡೆ. ಆಮೇಲೆ ಸೀಟು ಖಾಲಿ ಉಳಿದಾಗಲೆಲ್ಲ ಪೆದ್ರು ನಮ್ಮಿಬ್ಬರನ್ನೂ ಕರೆದೊಯ್ಯುತ್ತಿದ್ದ, ನಾನು ಬರೆದುಕೊಳ್ಳುತ್ತಿದ್ದೆ: ಯಾರು, ಎಲ್ಲಿ, ಯಾರ ಜೊತೆ. ಆಯಿ ಒಂದೇ ಕಟ್ಟಳೆ ಮಾಡಿದ್ದಳು: ಕಣ್ಣಾರೆ ಕಂಡದ್ದನ್ನು ಬಿಟ್ಟು ಒಂದು ಗೆರೆಯನ್ನೂ ಎಳೆಯಕೂಡದು. ಎಷ್ಟೋ ವರ್ಷಗಳ ಮೇಲೆ, ಡಾಲ್ಫಿನ್ ಬಗ್ಗೆ ಕಲಿತವರೂ ಹೀಗೆಯೇ ರೆಕ್ಕೆಯ ಕಚ್ಚು ನೋಡಿ ಗುರುತಿಸುತ್ತಾರೆ ಎಂದು ಫೋನಿನಲ್ಲಿ ಓದಿದಾಗ ನಾನು ಬಸ್ಸಿನಲ್ಲಿ ಎಷ್ಟು ಜೋರಾಗಿ ಕಿರುಚಿದೆನೆಂದರೆ ಕಂಡಕ್ಟರು ಸೀಟಿ ಊದಿದ. ಆ ಕಚ್ಚುಗಳು ಒಂದನ್ನೊಂದು ಕಚ್ಚಿಕೊಂಡದ್ದರಿಂದ ಆಗುತ್ತವೆ. ಬಲೆಯಿಂದ, ದೋಣಿಯ ಪಂಖದಿಂದಲೂ ಆಗುತ್ತವೆ. ಆಯಿ ಪೂರ್ತಿ ತಪ್ಪು ಹೇಳಿರಲಿಲ್ಲ.

ಇಷ್ಟಾದರೂ ನನ್ನ ಹುಚ್ಚು ಡಾಲ್ಫಿನ್ ಅಲ್ಲ, ತಿಮಿಂಗಿಲ. ದ್ವೀಪದಾಚೆಯ ಆಳದಲ್ಲಿ ಒಮ್ಮೊಮ್ಮೆ ದೊಡ್ಡದು ಬರುತ್ತದೆ ಎಂದು ದೋಣಿಯವರು ಆಡಿಕೊಳ್ಳುತ್ತಿದ್ದರು. ಅದು ಎಷ್ಟು ದೊಡ್ಡದಿರಬಹುದು ಎಂದು ನನಗೆ ತಿಳಿಯಲೇಬೇಕಿತ್ತು. ಶಾಲೆಯ ಸರ್ ಹನ್ನೆರಡು ಮೀಟರ್ ಎಂದರು. ಅಪ್ಪನ ಅಳತೆಯ ಟೇಪು ಕದ್ದು, ಸೀಮೆಸುಣ್ಣ ಹಿಡಿದು, ನಮ್ಮ ಬಾಗಿಲಿಂದ ಮೂತಿ ಶುರುಮಾಡಿ ಓಣಿಯಲ್ಲಿ ಗೆರೆ ಎಳೆಯುತ್ತ ಹೋದೆ. ನಮ್ಮ ಮನೆ ಮುಗಿಯಿತು, ಪಕ್ಕದ ಮನೆ ಮುಗಿಯಿತು, ಅದರ ಪಕ್ಕದ್ದೂ ಮುಗಿಯಿತು, ಬಾಲ ಇನ್ನೂ ಬಂದಿರಲಿಲ್ಲ! ನಾಲ್ಕನೆಯ ಮನೆಯ ಖತೀಜಾ ಮೌಶಿ ಬಟ್ಟೆ ಒಗೆಯುತ್ತಿದ್ದವಳು ತಲೆ ಎತ್ತಿದಳು.

“ಏನವಾ ಕಸ್ತೂರಿ, ನಮ್ಮ ಬಚ್ಚಲ ತನಾ ಬಂತಲ್ಲ ನಿನ್ನ ಮೀನ?”

“ಮೀನ ಅಲ್ಲ ಮೌಶಿ. ಮರಿಗೆ ಹಾಲ ಕುಡಸ್ತೈತಿ ಅದು.”

“ಹೌದಾ? ಮತ್ತ ಅದಕ ಬಾಣಂತನಾ ಮಾಡವ್ರು ಯಾರವಾ? ನಿಮ್ಮ ಆಯೀನ?”

ಮೌಶಿ ಚೇಷ್ಟೆಗೆ ಆಡಿದ ಮಾತು ಡಾಲ್ಫಿನ್ ವಿಷಯದಲ್ಲಿ ನಿಜವಾಯಿತು. ಮಳೆಗಾಲ ಕಳೆದು ದೋಣಿಗಳು ಮತ್ತೆ ಇಳಿದಾಗ ಮೂರ್ಕಚ್ಚಿಯ ಪಕ್ಕದಲ್ಲಿ ಒಂದು ಮರಿ ಇತ್ತು. ತೆಳುಬೂದಿ ಬಣ್ಣ, ಉದ್ದ ನನ್ನ ತಮ್ಮನಷ್ಟೇ, ಪ್ರತಿ ಉಸಿರಿಗೂ ತಲೆಯನ್ನು ಪೂರ್ತಿ ಹೊರಗೆ ಹಾಕುತ್ತಿತ್ತು. ತಾಯಿ ಅದನ್ನು ಹಿಂಡಿನಿಂದ ದೂರ, ದ್ವೀಪದ ಒಂದು ಮಗ್ಗುಲಿನ ಶಾಂತವಾದ ನೀರಿನಲ್ಲಿ ಇಟ್ಟುಕೊಂಡಿದ್ದಳು. ಪೆದ್ರು ಬೇರೆ ಕಡೆ ನೋಡುತ್ತಿದ್ದ. ಕಂಡದ್ದು ನಮ್ಮ ಮೂವರಿಗೆ ಮಾತ್ರ. ಅಪ್ಪ ಬೆರಳು ಎತ್ತಲಿಲ್ಲ. ಅವತ್ತು ಊಟಕ್ಕೆ ಝುಣಕ ಬಡಿಸುತ್ತ ಆಯಿ ನನ್ನ ಗದ್ದ ಹಿಡಿದು ಹೇಳಿದಳು.

“ಕೂಸ, ಮರಿ ಹಾಕಿದ್ದ ಎಲ್ಲೆ ಐತಿ ಅಂತ ಕುರುಬರ ಮಂದಿ ಯಾರ ಮುಂದನೂ ಹೇಳಂಗಿಲ್ಲ. ಕೇಳಿದವ್ರು ದೇವರಂಥವ್ರ ಇರ್ಲಿ. ತಿಳೀತಿಲ್ಲೋ?”

“ತಿಳೀತು ಆಯಿ.”

ತಿಳಿದಿತ್ತು. ಆದರೂ ಹೇಳಿಬಿಟ್ಟೆ. ಎಂಟೇ ದಿನ ತಡೆದೆ! ಮುಂದಿನ ಭಾನುವಾರ ಬೆಳಿಗ್ಗೆ ದಂಡೆಯಲ್ಲಿ ಅಪ್ಪ, ಆಯಿ ಪ್ರವಾಸಿಗಳಿಗೆ ಜಾಕೀಟು ತೊಡಿಸುತ್ತಿದ್ದಾಗ ಪೆದ್ರು ನನ್ನ ಪಟ್ಟಿ ತೆಗೆದು ನೋಡಿದ. ಒಂದೊಂದು ಹಾಳೆ ತಿರುವಿದಂತೆ ಅವನ ಹುಬ್ಬು ಮೇಲೇರಿತು. ಏನು ಬಾಯ್, ನೀನು ಡಾಕ್ಟರ್ ಆಗುತ್ತೀಯಾ ಎಂದ; ಕೊಂಕಣಿಯಲ್ಲಿ ಹುಡುಗಿಯನ್ನು ಹಾಗೆ ಕರೆಯುತ್ತಾರೆ. ಆಮೇಲೆ ಕೊರಳಿಂದ ತನ್ನ ದುರ್ಬೀನು ತೆಗೆದು ನನ್ನ ಕೊರಳಿಗೆ ಹಾಕಿದ. ಅದುವರೆಗೆ ಅದನ್ನು ಮುಟ್ಟಲೂ ಬಿಟ್ಟಿರಲಿಲ್ಲ ಅವನು. ಎಷ್ಟು ಭಾರ, ಎಷ್ಟು ಚಂದ! ಪ್ರವಾಸಿಗಳು ಮರಿ ತೋರಿಸು ಎನ್ನುತ್ತಾರೆ, ಎಲ್ಲಾದರೂ ಮರಿ ಇದೆಯೇ ಎಂದು ಕೇಳಿದ. ನಾನು ದುರ್ಬೀನಿನ ಒಳಗಿಂದಲೇ, ಕಣ್ಣು ತೆಗೆಯದೆ, ಜಾಗ ಹೇಳಿದೆ. ಬಂಡೆಯ ಗುರುತು ಕೂಡ ಹೇಳಿದೆ. ಪೆದ್ರು ಕೆಟ್ಟವನಲ್ಲ. ಖುಷಿಗೆ ಪಕ್ಕದ ದೋಣಿಯವನಿಗೆ ಹೇಳಿದ, ಅವನು ಅವನ ಪಕ್ಕದವನಿಗೆ.

ಐದು ದೋಣಿಗಳು ಹೋದವು. ನಮ್ಮ ದೋಣಿ ಎಲ್ಲಿಯೂ ತಡೆಯದೆ ನೆಟ್ಟಗೆ ಆ ಮಗ್ಗುಲಿಗೆ ತಿರುಗಿದಾಗಲೇ ಆಯಿ ನನ್ನ ಕಡೆ ನೋಡಿದಳು. ಕೊರಳಲ್ಲಿದ್ದ ದುರ್ಬೀನನ್ನೂ ನೋಡಿದಳು. ಯಾಕೆ ಹೇಳಿದಿ ಎಂದು ಕೇಳಿದ್ದರೆ ಅಳುತ್ತಿದ್ದೆ, ಹಗುರಾಗುತ್ತಿತ್ತು. ನೀರಿನಲ್ಲಿ ಮೂರ್ಕಚ್ಚಿ ಮರಿಯನ್ನು ಪಕ್ಕಕ್ಕೆ ಒತ್ತಿಕೊಂಡು ತೇಲುತ್ತಿದ್ದಳು. ದೋಣಿಗಳು ಐದೂ ಕಡೆಯಿಂದ ಬಂದವು. ಜನ ಎದ್ದು ನಿಂತರು, ಫೋನುಗಳು ಮೇಲೆದ್ದವು, ಸಿಳ್ಳೆ ಬಿದ್ದವು. ತಾಯಿ ಮುಳುಗಿದಳು, ಮರಿಯೂ ಮುಳುಗಿತು. ಮೇಲೆ ಬಂದಾಗ ತಾಯಿ ಎರಡು ದೋಣಿಗಳ ಆಚೆ ಇದ್ದಳು, ಮರಿ ಈಚೆ, ನಮ್ಮ ದೋಣಿಯ ಬಗಲಲ್ಲೇ. ಅದು ಗಿರ್‍ರನೆ ಸುತ್ತತೊಡಗಿತು. ಪುಸ್, ಪುಸ್, ಪುಸ್ ಎಂದು ಉಸಿರಿನ ಮೇಲೆ ಉಸಿರು. ನನ್ನ ಪಕ್ಕದ ಹುಬ್ಬಳ್ಳಿಯ ಕಾಕಾ ಒಬ್ಬರು, ಆಹಾ ಕುಣೀತೈತಿ ನೋಡ್ರೀ ಎಂದು ಚಪ್ಪಾಳೆ ತಟ್ಟಿದರು. ಆಯಿ ಎದ್ದಳು.

“ಏ ಪೆದ್ರು! ನಿಲ್ಲಸೋ! ಬಾಣಂತಿ ಐತೋ ಅದು!”

“ಆಯಿ, ಬೈಸ್, ಕೂಡು! ಬಿದ್ದಿ ನೀನು!”

ಪೆದ್ರು ಎಂಜಿನ್ ತಗ್ಗಿಸಿದ. ಆದರೆ ಉಳಿದ ನಾಲ್ವರು ತಗ್ಗಿಸಲಿಲ್ಲ. ಅವರಿಗೆ ಆಯಿಯ ಕನ್ನಡವೂ ಗೊತ್ತಿಲ್ಲ, ಬಾಣಂತಿಯೂ ಗೊತ್ತಿಲ್ಲ. ಅವರು ನೋಡುತ್ತಿದ್ದದ್ದು ಅಪ್ಪನನ್ನು. ದೋಣಿಯ ಮೂತಿಯಲ್ಲಿ ನಿಂತಿದ್ದ ಅಪ್ಪ ಎರಡೂ ಕೈಗಳನ್ನು ಬಗಲಿಗೆ ಸಿಕ್ಕಿಸಿಕೊಂಡಿದ್ದ. ಮರಿ ಎಲ್ಲಿ ಎದ್ದೀತೆಂದು ಅವನ ಬೆರಳು ಹೇಳಲಿ ಎಂದು ಐದು ದೋಣಿಗಳು ಕಾಯುತ್ತಿದ್ದವು.

“ಭೀಮ್ಯಾ,” ಎಂದಳು ಆಯಿ, ಈ ಸಲ ಮೆಲ್ಲಗೆ. “ಹಿಂಡ ತಿರಗಸಪಾ.”

ಹಿಂಡು ಎಂದದ್ದು ನಮ್ಮನ್ನು, ದೋಣಿಗಳನ್ನು! ನನಗೆ ಅರ್ಥವಾಗುವ ಮುಂಚೆ ಅಪ್ಪನಿಗೆ ಅರ್ಥವಾಗಿತ್ತು. ಅವನು ದ್ವೀಪಕ್ಕೆ ಬೆನ್ನು ಹಾಕಿ ತೆರೆದ ಕಡಲಿನ ಕಡೆ ತೋಳು ಚಾಚಿದ. ಅಲ್ಲಿ ಏನೂ ಇರಲಿಲ್ಲ, ಬಿಸಿಲು ಬಿಟ್ಟರೆ.

“ದೊಡ್ಡದೂ! ಅಲ್ಲೆ! ದೊಡ್ಡದೂ! ವ್ಹೇಲ್! ವ್ಹೇಲ್!”

ಐದು ಎಂಜಿನ್ನುಗಳು ಒಮ್ಮೆಲೇ ಕೂಗಿದವು. ಐದು ಮೂತಿಗಳು ತಿರುಗಿದವು. ದ್ವೀಪ ಹಿಂದೆ ಸಣ್ಣದಾಗುತ್ತ ಹೋಯಿತು. ದೋಣಿ ಎಗರುತ್ತಿತ್ತು, ನೀರು ಮುಖಕ್ಕೆ ಬಡಿಯುತ್ತಿತ್ತು. ಅಪ್ಪನ ಬೆರಳು ಹಾಗೇ ಮುಂದೆ. ಬಹಳ ದೂರ ಹೋದ ಮೇಲೆ, ದಂಡೆ ಒಂದು ಗೆರೆಯಾದ ಮೇಲೆ, ಪೆದ್ರು ಎಂಜಿನ್ ನಿಲ್ಲಿಸಿದ. ಉಳಿದವರೂ ನಿಲ್ಲಿಸಿದರು. ಕಡಲು ಗಪ್ಪಾಯಿತು. ಎಲ್ಲಿ ಭೀಮಾ, ಎಂದು ಪೆದ್ರು ಕೇಳಿದ. ನಾನು ದುರ್ಬೀನು ಹಿಡಿದು ಹಿಂದಕ್ಕೆ, ದ್ವೀಪದ ಕಡೆ ನೋಡುತ್ತಿದ್ದೆ. ನನಗೆ ಬೇರೇನೂ ಬೇಕಿರಲಿಲ್ಲ. ಎರಡು ಸಣ್ಣ ಕಪ್ಪು ಚುಕ್ಕೆ, ನಡುವೆ ಬಹಳ ನೀರು. ಒಂದು ಮುಳುಗಿತು. ಮತ್ತೊಂದೂ ಮುಳುಗಿತು. ಕೈ ಅಲುಗದಂತೆ ಉಸಿರು ಹಿಡಿದೆ. ಆಗಲೇ ಬೆನ್ನ ಹಿಂದೆ ಕಾಕಾ ಅರಚಿದರು.

“ಕಂಡ್ನಿ! ಕಂಡ್ನಿ! ಆನಿ ಬೆನ್ನ ಇದ್ದಂಗ ಐತ್ರೀ! ಮುಗೀವಲ್ದು ಬೆನ್ನ!”

“ನಿಮಗ ಚಸ್ಮಾ ಇಲ್ದ ನಾ ಕಾಣಂಗಿಲ್ಲ,” ಎಂದರು ಅವರ ಹೆಂಡತಿ. “ಬೆನ್ನ ಕಾಣ್ತಂತ!”

“ಏ ನಿನ್ನ! ಹೊಗಿ ಬಿಟ್ಟಂಗ ನೀರ ಬಿಡ್ತು!”

ನಾಲ್ಕೈದು ಜನ ಹೌದು ಹೌದು ಎಂದರು. ಪಕ್ಕದ ದೋಣಿಯಲ್ಲೂ ಗದ್ದಲ ಎದ್ದಿತು. ನಾನು ತಿರುಗಲಿಲ್ಲ. ಕನಸಿನಲ್ಲೂ ತಿಮಿಂಗಿಲ ಕಾಣುತ್ತಿದ್ದ ಹುಡುಗಿ ನಾನು, ತಿರುಗಲಿಲ್ಲ! ಅಪ್ಪನ ಸುಳ್ಳಿಗೆ ಜನ ಜೀವ ತುಂಬುತ್ತಿದ್ದಾರೆ ಎಂದುಕೊಂಡೆ. ದುರ್ಬೀನಿನ ಗುಂಡು ಬೆಳಕಿನಲ್ಲಿ ಒಂದು ಬೆನ್ನು ಎದ್ದಿತು, ದೊಡ್ಡದು. ಅದರ ಬಗಲಿಗೇ ಅಂಟಿಕೊಂಡು ಇನ್ನೊಂದು ಎದ್ದಿತು, ಸಣ್ಣದು. ಆಯಿಯ ಕೈ ಹಿಡಿದು ಜಗ್ಗಿದೆ. ಅವಳಿಗೆ ದುರ್ಬೀನು ಬೇಕಿರಲಿಲ್ಲ. ಅವಳೂ ಅಲ್ಲೇ ನೋಡುತ್ತಿದ್ದಳು. ಕೂಡಿದವು ಎಂದಳು, ಅಷ್ಟೇ. ಹೊರಡುವಾಗ ಕಾಕಾನ ಹೆಂಡತಿ ಸೆರಗಿನಿಂದ ಮೂಗು ಮುಚ್ಚಿಕೊಂಡು, ಇದೆಂಥಾ ವಾಸನೆ, ಕೊಳೆತ ಕೋಬಿಗಡ್ಡೆಗೆ ಮೀನು ಕೂಡಿಸಿದ ಹಾಗೆ ಎಂದು ಗೊಣಗಿದರು. ಯಾವುದೋ ಮೀನಿನ ಟ್ರಾಲರು ಹೋಗಿರಬೇಕು ಎಂದ ಅಪ್ಪ. ತಿಮಿಂಗಿಲದ ಉಸಿರು ಹಾಗೇ ನಾರುತ್ತದೆ ಎಂದು ನಾನು ಓದಿದ್ದು ಮೊನ್ನೆ ಮೊನ್ನೆ. ಓದಿದ ಮೇಲೆ ಎರಡು ದಿನ ಸರಿಯಾಗಿ ಊಟ ಮಾಡಲಿಲ್ಲ.

ಮನೆಯಲ್ಲಿ ಅವತ್ತು ಮಟನ್ ಸಾರು. ಅವ್ವನಿಗೆ ಎಲ್ಲ ಹೇಳಿದೆವು. ನಾನು ಜಾಗ ಹೇಳಿದ್ದನ್ನೂ ಹೇಳಿದೆ, ಹೇಳುವಾಗ ಅಳು ಬಂದುಬಿಟ್ಟಿತು. ಆಯಿ ಬೈಯಲಿಲ್ಲ, ಎಲುಬಿನ ದೊಡ್ಡ ತುಂಡು ತಮ್ಮನ ತಟ್ಟೆಗೆ ಹಾಕಿದಳು, ನನಗೆ ಸಾಕಷ್ಟು ಅರ್ಥವಾಯಿತು. ಅವ್ವನಿಗೆ ಬೇಕಾದದ್ದು ಬೇರೆ.

“ಅದಿರ್ಲಿ. ಖರೇನ ಬಂದಿತ್ತ ಇಲ್ಲ ಅದು?”

“ನಾ ಕಣ್ಣ ಮುಚ್ಚಿದ್ನಿ,” ಎಂದ ಅಪ್ಪ. “ಎಲ್ಲಾರೂ ಕೂಡಿ ಹೊಡೀತಾರ ಅಂತ.”

“ನೀವರೇ ಕಂಡ್ರೇನ್ ಅತ್ತಿ?”

“ನಾ ಮರಿ ನೋಡಾಕತ್ತಿದ್ನೆವಾ.”

“ಹೋಗ್ರಿ ಅತ್ತಾಗ! ಮೂರ ಮಂದಿ ಹೋಗಿ ಒಬ್ರೂ ನೋಡ್ಲಿಲ್ಲಂದ್ರ!”

ಅವ್ವ ನಗಲು ಶುರುಮಾಡಿದಳು. ಅಪ್ಪ ನಕ್ಕ, ಆಯಿ ನಕ್ಕಳು, ಸಾರು ನೆತ್ತಿಗೇರಿ ತಮ್ಮ ಕೆಮ್ಮಿದ. ನನಗೆ ಮಾತ್ರ ನಗು ಪೂರ್ತಿ ಬರಲಿಲ್ಲ. ಮುಂದಿನ ಭಾನುವಾರ ಆ ಐದು ದೋಣಿಗಳು ಎಲ್ಲಿಗೆ ಹೋಗುತ್ತವೆ? ಆ ಜಾಗವನ್ನು ನಾನು ಹೇಳಿಯಾಗಿತ್ತು. ಹೇಳಿದ್ದನ್ನು ವಾಪಸು ತೆಗೆದುಕೊಳ್ಳುವುದು ಹೇಗೆಂದು ಆಯಿಯೂ ಕಲಿಸಿರಲಿಲ್ಲ.

ಮರುದಿನ ಸಂಜೆ ಓಣಿಯಲ್ಲಿ ಸ್ಕೂಟರಿನ ಸದ್ದಾಯಿತು. ಪೆದ್ರು! ಅವನು ನಮ್ಮ ಮನೆಗೆ ಬಂದದ್ದು ಅದೇ ಮೊದಲು. ಅಪ್ಪ ಬರ್‍ರಿ ಪಾತ್ರಾಂವ, ಕೂಡ್ರಿ ಮಾಲಕರ ಎಂದು ಧಡಪಡಿಸಿ ಎದ್ದು ಇದ್ದ ಒಂದೇ ಖುರ್ಚಿ ಕೊಟ್ಟ, ಅವ್ವ ಚಹಾಕ್ಕೆ ಇಟ್ಟಳು, ಆಯಿ ಬಳ್ಳೊಳ್ಳಿ ಸುಲಿಯುವುದನ್ನು ಬಿಡಲಿಲ್ಲ. ಪೆದ್ರು ಗೋಡೆಯ ಮೇಲಿನ ರೆಕ್ಕೆಗಳನ್ನು ಬಹಳ ಹೊತ್ತು ನೋಡಿದ. ದಂಡೆಯಲ್ಲಿ ಜಗಳ ಎದ್ದಿದೆಯಂತೆ. ಇಬ್ಬರು ದೋಣಿಯವರು ಕಂಡೆವು ಎನ್ನುತ್ತಾರೆ, ಇಬ್ಬರು ಭೀಮಾ ಸುಳ್ಳು ಹೇಳಿದ, ಮರಿಯ ಹತ್ತಿರವೇ ಹೋಗೋಣ ಎನ್ನುತ್ತಾರೆ. ಅವನು ಅಪ್ಪನನ್ನು ಏನೂ ಕೇಳಲಿಲ್ಲ. ನನ್ನ ಕಡೆ ತಿರುಗಿದ.

“ಬಾಯ್, ನೀನು ಕಂಡಿದ್ದು ಮಾತ್ರ ಬರೀತಿ. ನನಗೆ ಗೊತ್ತು. ನಿನ್ನ ಹತ್ರ ದುರ್ಬೀನ್ ಇತ್ತು. ಹೇಳು, ವ್ಹೇಲ್ ಬಂತಾ?”

ಬಳ್ಳೊಳ್ಳಿಯ ಸಿಪ್ಪೆಯ ಸದ್ದು ನಿಂತಿತು. ನಾನು ಪಟ್ಟಿ ತೆಗೆದೆ. ಹೊಸ ಹಾಳೆ ತಿರುವಿ, ನೆಲದ ಮೇಲೆ ಕುಳಿತು, ಅವನ ಕಣ್ಣ ಮುಂದೆಯೇ ಬರೆದೆ. ಹಾಳೆಯ ಈ ತುದಿಯಿಂದ ಆ ತುದಿಗೆ ಒಂದೇ ಉದ್ದನೆಯ ಬೆನ್ನು, ಬಹಳ ಹಿಂದಕ್ಕೆ ಕುಡಗೋಲಿನಂಥ ಸಣ್ಣ ರೆಕ್ಕೆ, ಮೇಲೆ ಹೊಗೆಯಂಥ ಉಸಿರು. ಪೆದ್ರು ಬಗ್ಗಿ ನೋಡಿದ. ದೇವಾ ಎಂದು ಶಿಲುಬೆಯ ಗುರುತು ಮಾಡಿಕೊಂಡ.

“ಯಾವ ಕಡೆ ಹೋಯ್ತು?”

“ಹೊರಗ, ಅಂಕಲ್. ಭಾಳ ಹೊರಗ. ಮತ್ತ ಅಲ್ಲೇ ಬರತೈತಿ.”

ಅವನು ಹಾಳೆಯ ಫೋಟೊ ತೆಗೆದುಕೊಂಡ. ಬರುವ ಭಾನುವಾರ ಎಲ್ಲರೂ ಹೊರಗೇ ಹೋಗೋಣ ಎಂದು ಅಪ್ಪನ ಬೆನ್ನು ತಟ್ಟಿದ, ಚಹಾ ಕುಡಿದ, ಹೊಸ್ತಿಲು ದಾಟಿ ಚಪ್ಪಲಿ ಮೆಟ್ಟಿದ. ಆಮೇಲೆ ಏನೋ ನೆನಪಾಗಿ ತಲೆಯನ್ನು ಒಳಗೆ ಹಾಕಿದ.

“ಮತ್ತೆ ಆ ಮರಿ? ಅದು ಅಲ್ಲೇ ಇದೆಯಾ, ಬಾಯ್?”

ಪಟ್ಟಿ ಮುಚ್ಚಿ ತೊಡೆಯ ಕೆಳಗೆ ಇಟ್ಟುಕೊಂಡೆ.

“ಯಾವ ಮರಿ, ಅಂಕಲ್?” ಎಂದೆ.